ಲಘು ಆಹಾರ ಅಂದ್ರೆ ಯಾವುದು?

ಮೊದಲೇ ಹೇಳಿಬಿಡ್ತೀನಿ, ಇದು ಕಕ್ಕಸಿನ ವಿಷಯ. ಊಟ ಮಾಡ್ತಾ ಓದೋ ಅಭ್ಯಾಸ ಇದ್ದವರು ತಟ್ಟೆ ತೊಳೆದಿಟ್ಟು ಬನ್ನಿ. ಬರಹ ಎಲ್ಲೂ ಓಡಿಹೋಗಲ್ಲ :-)

ಕೊಲೊನೋಸ್ಕೋಪಿ ಅಂತ ಒಂದು ಪರೀಕ್ಷೆ ಇದೆ. ಬೆರಳು ಗಾತ್ರದ, ಬಳುಕುವ, ಉದ್ದನೆಯ ಕೊಳವೆಯೊಂದನ್ನು ಹಿಂದಿನಿಂದ ಒಳಗೆ ಬಿಟ್ಟು, ಅದರ ತುದಿಯಲ್ಲಿರೋ ಕ್ಯಾಮೆರಾದಲ್ಲಿ ದೊಡ್ಡ ಕರುಳನ್ನು ಪೂರ್ತಿ ನೋಡ್ತಾರೆ. ದೊಡ್ಡ ಕರುಳು ಸುಮಾರು ಐದು ಅಡಿ ಉದ್ದ. 1969ರಲ್ಲಿ ನ್ಯೂಯಾರ್ಕಿನ ವಿಲಿಯಂ ವೂಲ್ಫ್ ಮತ್ತು ಹಿರೋಮಿ ಶಿನ್ಯಾ ಅನ್ನೋ ಇಬ್ಬರು ಸರ್ಜನ್‌ಗಳು ಇದೇ ಕೊಳವೆಯೊಳಗಿಂದ ತಂತಿಯ ಕುಣಿಕೆ ಕಳಿಸಿ, ಕರುಳಿನ ಒಳಗೋಡೆಯಲ್ಲಿ ಬೆಳೆದಿದ್ದ ಗಂಟನ್ನು ಹೊಟ್ಟೆ ಕೊಯ್ಯದೆ ಕತ್ತರಿಸಿ ತೆಗೆದರು. ಆವತ್ತಿನಿಂದ ಇದು ಬರೀ ನೋಡೋ ಪರೀಕ್ಷೆಯಾಗಿ ಉಳಿದಿಲ್ಲ. ಕ್ಯಾನ್ಸರ್ ಆಗೋದಕ್ಕೆ ಮುಂಚೆಯೇ ಅದರ ಮೊಳಕೆ ಚಿವುಟೋ ಚಿಕಿತ್ಸೆಯೂ ಹೌದು.

ಡಾಕ್ಟರು ಮಾಡೋ ಕೆಲಸ ಹೆಚ್ಚೂಕಮ್ಮಿ ಅರ್ಧ ಗಂಟೆಯದು. ಅದಕ್ಕೆ ಮುಂಚಿನ ಎರಡು ದಿನದ ಕೆಲಸ ಮನೆಯವರದ್ದು. ಕರುಳು ಖಾಲಿಯಾಗಿ, ತೊಳೆದ ತಟ್ಟೆಯ ಹಾಗೆ ಇರಬೇಕು. ಇಲ್ಲದಿದ್ದರೆ ಕ್ಯಾಮೆರಾಕ್ಕೆ ಕಾಣಿಸೋದು ನಿನ್ನೆಯ ಊಟ, ಅಷ್ಟೆ. ನಾನು ಬರೆಯೋಕೆ ಹೊರಟಿರೋದು ಆ ಎರಡು ದಿನದ ಬಗ್ಗೆ. ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿ ಕಡೆಯ ಒಂದು ತೆಂಗಿನ ತೋಟದ ಮನೆಯಲ್ಲಿ ಆ ಎರಡು ದಿನ ಹೇಗಿರುತ್ತೆ ಅನ್ನೋದನ್ನ ಯಾವ ಆಸ್ಪತ್ರೆಯ ಚೀಟಿಯೂ ಯೋಚಿಸಿ ಬರೆದಂತಿಲ್ಲ.

ಪರೀಕ್ಷೆ ಆಗಬೇಕಿದ್ದದ್ದು ಅಪ್ಪನಿಗೆ. ವಯಸ್ಸು 58. ತೋಟ, ಕೊಬ್ಬರಿ, ಎರಡು ಹಸು, ಇದು ಅವರ ಪ್ರಪಂಚ. 2025ರ ಮಳೆಗಾಲದ ಶುರುವಿನಲ್ಲಿ ಅಟ್ಟ ಹತ್ತೋಕೆ ಹೋಗಿ ನಡುವೆಯೇ ಏಣಿ ಮೇಲೆ ಕೂತುಬಿಟ್ಟರಂತೆ. ಊರ ಹತ್ತಿರದ ಡಾಕ್ಟರು ರಕ್ತಪರೀಕ್ಷೆ ಮಾಡಿಸಿದರು, ಹಿಮೋಗ್ಲೋಬಿನ್ 9. ಕಬ್ಬಿಣದ ಮಾತ್ರೆ ಬರೆದುಕೊಟ್ಟು, "ಮೋಷನ್‌ನಲ್ಲಿ ರಕ್ತ ಏನಾದ್ರೂ ಹೋಗ್ತಿದೆಯಾ?" ಅಂತ ಕೇಳಿದರು. ಅಪ್ಪ ಅಮ್ಮನ ಮುಖ ನೋಡಿದರು. ಅಮ್ಮ ಗೋಡೆಯ ಕ್ಯಾಲೆಂಡರ್ ನೋಡಿದರು. ಆಮೇಲೆ ಹೊರಗೆ ಬಂತು... ಆರು ತಿಂಗಳಿಂದ ಹೋಗ್ತಾ ಇದೆ. ಮೂಲವ್ಯಾಧಿ ಇರಬೇಕು ಅಂತ ಯಾರ ಹತ್ತಿರವೋ ಕೇಳಿ ಸೊಪ್ಪು ಅರೆದು ಕುಡಿದು ಸುಮ್ಮನಿದ್ದಾರೆ.

ನಮ್ಮ ಕಡೆ ತೆಂಗಿಗೆ ಕಾಂಡ ಸೋರುವ ರೋಗ ಅಂತ ಬರುತ್ತೆ. ಮರದ ಬುಡದ ಬಿರುಕಿನಿಂದ ಕೆಂಪು ಮಿಶ್ರಿತ ಕಂದು ರಸ ಇಳಿಯುತ್ತೆ, ಒಣಗಿದ ಮೇಲೆ ಕಪ್ಪಾಗುತ್ತೆ. ಅಂಥ ಗುರುತು ಒಂದು ಮರದಲ್ಲಿ ಕಂಡರೆ ಅಪ್ಪ ಅದೇ ವಾರ ಉಳಿ ತಗೊಂಡು ಕೊಳೆತ ಭಾಗ ಕೆತ್ತಿ, ಬೋರ್ಡೋ ಪೇಸ್ಟ್ ಬಳಿದು, ಪಕ್ಕದ ತೋಟದವರಿಗೂ ಹೇಳಿ ಬರ್ತಾರೆ. ಮರ ಸೋರಿದರೆ ಊರಿಗೆಲ್ಲ ಗೊತ್ತಾಗುತ್ತೆ. ಮನುಷ್ಯ ಸೋರಿದರೆ ಆರು ತಿಂಗಳಾದರೂ ಹೆಂಡತಿಗೂ ಗೊತ್ತಾಗಲ್ಲ. ನಮ್ಮ ಮನೆ ಒಂದರದ್ದೇ ಕತೆ ಅಲ್ಲ ಇದು ಅಂತ ಆಮೇಲೆ ತಿಳೀತು. ಅದನ್ನ ಕೊನೆಗೆ ಹೇಳ್ತೀನಿ.

ಮೊದಲ ಸಲ ಚಿಕ್ಕಪ್ಪ ಅಪ್ಪನನ್ನ ಬೆಂಗಳೂರಿನ ಒಂದು ಆಸ್ಪತ್ರೆಗೆ ಕರೆದುಕೊಂಡು ಹೋದರು. ನಾನು ಆಗ ಪ್ರಾಜೆಕ್ಟ್ ಮೇಲೆ ಪುಣೆಯಲ್ಲಿದ್ದೆ. ಡಾಕ್ಟರು ನೋಡಿ ಕೊಲೊನೋಸ್ಕೋಪಿಗೆ ದಿನ ಕೊಟ್ಟರು. ಕೌಂಟರಿನಲ್ಲಿ ಒಂದು ಪುಡಿ ಪೊಟ್ಟಣ, ಜೊತೆಗೆ ಇಂಗ್ಲಿಷಿನಲ್ಲಿ ಅಚ್ಚಾದ ಒಂದು ಚೀಟಿ. ಕೌಂಟರಿನ ಹುಡುಗಿ ಕನ್ನಡದಲ್ಲಿ ಚುಟುಕಾಗಿ ಹೇಳಿದ್ದು ಇಷ್ಟು: "ಹಿಂದಿನ ದಿನ ಲಘು ಆಹಾರ ತಗೊಳ್ಳಿ, ಸಂಜೆ ಪುಡಿ ನೀರಲ್ಲಿ ಕಲಸಿ ಕುಡೀರಿ, ಬೆಳಿಗ್ಗೆ ಖಾಲಿ ಹೊಟ್ಟೇಲಿ ಬನ್ನಿ."

ಲಘು ಆಹಾರ! ನೀವೇ ಹೇಳಿ, ತುಮಕೂರು ಸೀಮೆಯವನಿಗೆ ಲಘು ಆಹಾರ ಅಂದರೆ ಏನು? ಹೊಟ್ಟೆ ಸರಿಯಿಲ್ಲದಾಗ ನಾವು ಏನು ತಿಂತೀವಿ? ರಾಗಿ ಅಂಬಲಿ. ಚಿಕ್ಕದೊಂದು ಮುದ್ದೆ, ಸೊಪ್ಪಿನ ಉಪ್ಪೆಸರು. ಎಣ್ಣೆ ಇಲ್ಲ, ಮಸಾಲೆ ಇಲ್ಲ, ಅದಕ್ಕಿಂತ ಹಗುರ ಇನ್ನೇನಿದೆ? ಅಮ್ಮ ಹಾಗೇ ಮಾಡಿದರು. ಬೆಳಿಗ್ಗೆ ಅಂಬಲಿ, ಮಧ್ಯಾಹ್ನ ಅರ್ಧ ಮುದ್ದೆ, ದಂಟಿನ ಸೊಪ್ಪಿನ ಸಾರು, ಬಾಯಿ ರುಚಿಗೆ ಒಂಚೂರು ಹುಚ್ಚೆಳ್ಳು ಚಟ್ನಿ ಪುಡಿ. ಕಬ್ಬಿಣದ ಮಾತ್ರೆ ನಿಲ್ಲಿಸಿ ಅಂತ ಯಾರೂ ಹೇಳಿರಲಿಲ್ಲ, ಅದೂ ನಡೆದಿತ್ತು. ಸಂಜೆ ಪುಡಿ ಕುಡಿದು, ರಾತ್ರಿಯೆಲ್ಲ ತೋಟದ ಮೂಲೆಯ ಕಕ್ಕಸಿಗೆ ಟಾರ್ಚ್ ಹಿಡಿದು ಓಡಾಡಿ, ಬೆಳಗಿನ ಜಾವದ ಗಾಡಿಗೆ ಬೆಂಗಳೂರಿಗೆ ಹೊರಟರು.

ರಿಪೋರ್ಟು ಬಂತು: ತಯಾರಿ ಸಾಲದು, ಪೂರ್ತಿ ನೋಡಲಾಗಲಿಲ್ಲ, ಮತ್ತೆ ಮಾಡಿಸಿ.

ಆ ರಿಪೋರ್ಟಿನಲ್ಲಿ ಒಂದು ಅಂಕಪಟ್ಟಿಯೂ ಇತ್ತು. ಬಾಸ್ಟನ್ ಸ್ಕೇಲ್ ಅಂತ, 2009ರಲ್ಲಿ ಬಳಕೆಗೆ ಬಂದದ್ದು. ದೊಡ್ಡ ಕರುಳನ್ನು ಬಲಭಾಗ, ನಡುಭಾಗ, ಎಡಭಾಗ ಅಂತ ಮೂರು ಮಾಡಿ, ಒಂದೊಂದಕ್ಕೂ 0ಯಿಂದ 3ರವರೆಗೆ ಅಂಕ. ಒಟ್ಟು 9. ಯಾವ ಭಾಗಕ್ಕೂ 2ಕ್ಕಿಂತ ಕಡಿಮೆ ಬರಬಾರದು. ಅಪ್ಪನಿಗೆ ಬಂದದ್ದು 0, 1, 2. ಒಟ್ಟು ಮೂರು. "ಎಸ್ಸೆಲ್ಸಿಲೂ ನಾನು ಇಷ್ಟು ಕಮ್ಮಿ ತಗೊಂಡಿರಲಿಲ್ಲ" ಅಂದರು ಅಪ್ಪ :-)

ನಗು ಬಂದರೂ ವಿಷಯ ನಗುವಂಥದ್ದಲ್ಲ. ಆಗಿನಿಂದ ನಾನು ಓದಿಕೊಂಡದ್ದರಲ್ಲಿ ಮುಖ್ಯವಾದದ್ದು ಇದು: ಕೊಲೊನೋಸ್ಕೋಪಿ ಮಾಡಿಸಿಕೊಳ್ಳುವವರಲ್ಲಿ ನೂರಕ್ಕೆ ಇಪ್ಪತ್ತು ಇಪ್ಪತ್ತೈದು ಜನರ ತಯಾರಿ ಸಾಲದೇ ಹೋಗುತ್ತೆ ಅಂತ ಅಮೆರಿಕದ ತಜ್ಞರ ಮಾರ್ಗಸೂಚಿಯೇ ಹೇಳುತ್ತೆ. ಇದು ನಮ್ಮಲ್ಲಿ ಮಾತ್ರದ ತೊಂದರೆ ಅಲ್ಲ. ಹುಡುಕೋ ವಸ್ತು ಎಷ್ಟು ಚಿಕ್ಕದು ಅಂತ ನೋಡಿ. ಕೆಲವು ಗಂಟುಗಳು ಅಣಬೆಯ ಹಾಗೆ ಎದ್ದು ನಿಂತಿರ್ತವೆ, ಕಾಣಿಸ್ತವೆ. ಇನ್ನು ಕೆಲವು ಗೋಡೆಗೆ ಅಂಟಿದ ಹಾಗೆ ಚಪ್ಪಟೆ. ಅವುಗಳ ಮೇಲೆ ತೆಳುವಾಗಿ ಏನಾದರೂ ಮೆತ್ತಿಕೊಂಡಿದ್ದರೆ ಎಂಥ ಕ್ಯಾಮೆರಾ ಆದರೂ ದಾಟಿ ಹೋಗಿಬಿಡುತ್ತೆ. "ಏನೂ ಇಲ್ಲ" ಅಂತ ಬರೆದುಕೊಟ್ಟ ರಿಪೋರ್ಟು ನಂಬಿ ಮನೆಯವರು ವರ್ಷಗಟ್ಟಲೆ ನಿಶ್ಚಿಂತೆಯಾಗಿ ಇದ್ದುಬಿಡ್ತಾರೆ. "ಸರಿಯಾಗಿ ಕಾಣಿಸಲಿಲ್ಲ, ಮತ್ತೆ ಬನ್ನಿ" ಅಂತ ಬರೆಯೋ ಡಾಕ್ಟರು ಅದಕ್ಕಿಂತ ಸಾವಿರ ಪಾಲು ಮೇಲು.

ಎರಡನೇ ಸಲಕ್ಕೆ ನಾನು ರಜೆ ಹಾಕಿ ಊರಿಗೆ ಬಂದೆ. ಎಲ್‌ಐಸಿ ಬಾಂಡುಗಳ ಪ್ಲಾಸ್ಟಿಕ್ ಕವರಿನಲ್ಲಿ ಭದ್ರವಾಗಿದ್ದ ಆ ಚೀಟಿ ತೆಗೆದು ಓದಿದೆ. ತಪ್ಪು ಅಂತ ಹೇಳೋ ಹಾಗಿರಲಿಲ್ಲ. ನಾರಿಲ್ಲದ ಆಹಾರ, ಬೀಜ ಬೇಡ, ಇಡೀ ಧಾನ್ಯ ಬೇಡ ಅಂತೆಲ್ಲ ಸರಿಯಾಗಿಯೇ ಇತ್ತು. ಆದರೆ ಉದಾಹರಣೆ ಎಲ್ಲ ಬಿಳಿ ಬ್ರೆಡ್ಡು, ಪಾಸ್ತಾ, ಜೆಲ್ಲಿ, ಸೇಬಿನ ಜ್ಯೂಸು. ರಾಗಿ ಅನ್ನೋ ಶಬ್ದ ಇಲ್ಲ. ಕಾಯಿ ಅನ್ನೋ ಶಬ್ದ ಇಲ್ಲ. ತಿಪಟೂರು ಕಡೆಯವರಿಗೆ ಊಟದ ಪಥ್ಯ ಹೇಳೋ ಚೀಟಿಯಲ್ಲಿ ತೆಂಗಿನಕಾಯಿ ಹೆಸರೇ ಇಲ್ಲ ಅಂದರೆ!

ಹಾಗಾಗಿ ಅಡುಗೆಮನೆಯಲ್ಲಿ ನಾನು, ಅಮ್ಮ ಕೂತು ಆ ಚೀಟಿಯನ್ನ ನಮ್ಮ ಪಾತ್ರೆಗಳಿಗೆ ಇಳಿಸಿದೆವು. ಒಂದೊಂದಾಗಿ.

ರಾಗಿ ಪೂರ್ತಿ ಬೇಡ. ಮುದ್ದೆ, ಅಂಬಲಿ, ರೊಟ್ಟಿ, ಮಾಲ್ಟ್ ಯಾವ ರೂಪದಲ್ಲೂ ಬೇಡ. ರಾಗಿಯನ್ನ ಸಿಪ್ಪೆ ಸಮೇತ ಬೀಸ್ತೀವಿ, ಆ ಸಿಪ್ಪೆಯೇ ನಾರು, ಆ ಕಂದು ಬಣ್ಣವೂ ಸಿಪ್ಪೆಯದ್ದೇ. ಮಾಮೂಲಿ ದಿನಕ್ಕೆ ಅದು ಒಳ್ಳೆಯದು, ಈ ಎರಡು ದಿನಕ್ಕೆ ಅದೇ ಶತ್ರು.

ಅವರೆಕಾಳು, ಹುರುಳಿ, ಅಲಸಂದೆ, ಸೊಪ್ಪು, ತರಕಾರಿ ಬೇಡ. ಎಳ್ಳು, ಹುಚ್ಚೆಳ್ಳು ಬೇಡ. ಟೊಮೆಟೊ, ಸೀಬೆ, ಬದನೆ, ಬೀಜ ಇರೋದು ಯಾವುದೂ ಬೇಡ. ಒಣಮೆಣಸಿನಕಾಯಿ ಬೀಜವೂ ಬೇಡ. "ಒಗ್ಗರಣೆಗೆ ಸಾಸಿವೆ?" ಅಂದರು ಅಮ್ಮ. ಅದೂ ಬೀಜವೇ. ಜೀರಿಗೆಯೂ ಬೀಜವೇ. ಅಮ್ಮ ಒಂದು ನಿಮಿಷ ಮಾತಾಡಲಿಲ್ಲ.

ಕಾಯಿ ಬೇಡ. ಚಟ್ನಿ ಬೇಡ, ಸಾರಿಗೆ ರುಬ್ಬಿ ಹಾಕೋದೂ ಬೇಡ, ಕೊಬ್ಬರಿ ತುರಿ ಬೇಡವೇ ಬೇಡ. ಅಟ್ಟದ ಮೇಲೆ ಸಾವಿರಾರು ಕಾಯಿ ಇಟ್ಟುಕೊಂಡು ಕಾಯಿ ಇಲ್ಲದ ಸಾರು ಮಾಡಿದ್ದು ಆ ಒಲೆಗೆ ಅದೇ ಮೊದಲಿರಬೇಕು.

ಹಾಗಾದರೆ ಏನು ತಿನ್ನಬಹುದು? ಮೆತ್ತಗೆ ಮಾಡಿದ ಬಿಳಿ ಅನ್ನ, ಮೊಸರು, ಇಡ್ಲಿ, ಸಿಪ್ಪೆ ತೆಗೆದು ಬೇಯಿಸಿದ ಆಲೂಗಡ್ಡೆ, ಒಗ್ಗರಣೆ ಇಲ್ಲದ ರವೆ ಗಂಜಿ, ಮೊಟ್ಟೆ ತಿನ್ನುವವರಿಗೆ ಮೊಟ್ಟೆ, ಬಟ್ಟೆಯಲ್ಲಿ ಸೋಸಿದ ತಿಳಿ ಸಾರು. ಇದನ್ನ ಎಷ್ಟು ದಿನ ಮಾಡಬೇಕು ಅನ್ನೋದರಲ್ಲಿ ಈಗ ಸಡಿಲಿಕೆ ಬಂದಿದೆ. 2025ರ ಅಮೆರಿಕದ ಮಾರ್ಗಸೂಚಿ, ಬೇರೆ ತೊಂದರೆ ಇಲ್ಲದವರಿಗೆ ಹಿಂದಿನ ಒಂದು ದಿನದ ಪಥ್ಯ ಸಾಕು ಅನ್ನುತ್ತೆ. ಅಪ್ಪನದ್ದು ಒಂದು ಸಲ ಕೆಟ್ಟಿದ್ದರಿಂದ ಡಾಕ್ಟರು ಎರಡು ದಿನ ಅಂದರು. ಕಬ್ಬಿಣದ ಮಾತ್ರೆಯನ್ನ ಒಂದು ವಾರ ಮುಂಚೆಯೇ ನಿಲ್ಲಿಸಿದರು. ಅದು ಮಲವನ್ನ ಕಪ್ಪಗೆ, ಡಾಂಬರಿನ ಹಾಗೆ ಅಂಟಂಟು ಮಾಡುತ್ತೆ. ಸಕ್ಕರೆ ಕಾಯಿಲೆ ಮಾತ್ರೆ, ಇನ್ಸುಲಿನ್, ರಕ್ತ ತೆಳು ಮಾಡೋ ಮಾತ್ರೆ ತಗೊಳ್ಳೋರು ಮಾತ್ರ ತಾವಾಗಿ ಏನೂ ನಿಲ್ಲಿಸಬಾರದು, ಡಾಕ್ಟರನ್ನೇ ಕೇಳಬೇಕು.

ಇಷ್ಟೆಲ್ಲ ನಡೀತಿದ್ದಾಗ ಜಗಲಿ ಮೇಲೆ ಕೂತಿದ್ದ ಅಜ್ಜಿಯದ್ದು ಒಂದೇ ಮಾತು: "ಅದ್ಕೆ ಇಷ್ಟೆಲ್ಲ ಯಾಕೆ? ಎರಡು ಔನ್ಸು ಹರಳೆಣ್ಣೆ ಕುಡ್ಸಿ, ತಳ ಸಮೇತ ಬತ್ತದೆ."

ನನ್ನ ಓರಗೆಯ ಹಳ್ಳಿ ಕಡೆಯವರಿಗೆ ಹರಳೆಣ್ಣೆ ಭಾನುವಾರ ನೆನಪಿರಬೇಕು. ಬೆಳಿಗ್ಗೆ ಮೂಗು ಹಿಡಿದು ಕುಡಿಸಿ, ಮೇಲೊಂದು ಲೋಟ ಬಿಸಿ ಕಾಫಿ, ಮಧ್ಯಾಹ್ನಕ್ಕೆ ಬಿಸಿ ಅನ್ನ, ತಿಳಿಸಾರು. ಆಯುರ್ವೇದದಲ್ಲಿ ವಿರೇಚನ ಅಂತ ಒಂದು ಚಿಕಿತ್ಸೆಯೇ ಇದೆಯಲ್ಲ. ಅಜ್ಜಿ ಹೇಳಿದ್ದು ತೀರಾ ದಾರಿ ಬಿಟ್ಟ ಮಾತಲ್ಲ, ಒಂದು ಕಾಲದಲ್ಲಿ ದೊಡ್ಡ ದೊಡ್ಡ ಆಸ್ಪತ್ರೆಗಳೂ ಈ ಥರದ ಪರೀಕ್ಷೆಗಳಿಗೆ ಹರಳೆಣ್ಣೆಯನ್ನೇ ಕೊಡ್ತಿದ್ದವು. ಹರಳೆಣ್ಣೆ ಮಾಡೋದು ಕರುಳನ್ನ ಕೆರಳಿಸಿ ಹಿಂಡೋ ಕೆಲಸ. ಹೊಟ್ಟೆ ನುಲಿಯುತ್ತೆ, ಬರುವಷ್ಟು ಬರುತ್ತೆ, ಒಬ್ಬರಿಗೆ ಸಾಕಾದದ್ದು ಇನ್ನೊಬ್ಬರಿಗೆ ಸಾಲದು. ಕ್ಯಾಮೆರಾಕ್ಕೆ ಬೇಕಾಗಿರೋದು ಹಿಂಡಿದ ಕರುಳಲ್ಲ, ತೊಳೆದ ಕರುಳು.

ತೊಳೆಯೋದು ಅಷ್ಟು ಸುಲಭ ಅಲ್ಲ. ಬರೀ ನೀರು ಎಷ್ಟು ಕುಡಿದರೂ ದೇಹ ಹೀರಿಕೊಂಡು ಮೂತ್ರ ಮಾಡಿಬಿಡುತ್ತೆ. ಉಪ್ಪುನೀರು ಲೀಟರ್‌ಗಟ್ಟಲೆ ಕುಡಿಸಿದರೆ ಉಪ್ಪೂ ನೀರೂ ಎರಡೂ ರಕ್ತಕ್ಕೆ ಸೇರಿ, ಹೃದಯ ಬಲಹೀನ ಇರೋರಿಗೆ ಅಪಾಯ. ಮ್ಯಾನಿಟಾಲ್ ಅನ್ನೋ ಸಕ್ಕರೆ ಜಾತಿಯ ಪದಾರ್ಥ ಬಳಸಿ ನೋಡಿದರು. ಅದನ್ನ ಕರುಳಿನ ಬ್ಯಾಕ್ಟೀರಿಯಾಗಳು ತಿಂದು ಹೈಡ್ರೋಜನ್ ಬಿಡ್ತವೆ. ಗಂಟು ಕತ್ತರಿಸೋಕೆ ಕರೆಂಟು ಕೊಟ್ಟಾಗ ಕಿಡಿ ತಗುಲಿ ಒಬ್ಬ ರೋಗಿಯ ಕರುಳೇ ಸಿಡಿದು ಸತ್ತ ಪ್ರಕರಣ 1979ರಲ್ಲಿ ವೈದ್ಯಕೀಯ ಪತ್ರಿಕೆಯಲ್ಲಿ ವರದಿಯಾಗಿದೆ. 1980ರಲ್ಲಿ ಅಮೆರಿಕದ ಜಾನ್ ಫೋರ್ಡ್‌ಟ್ರಾನ್ ಮತ್ತವರ ಜೊತೆಗಾರರು ಪಾಲಿಎಥಿಲೀನ್ ಗ್ಲೈಕಾಲ್ ಜೊತೆ ಲೆಕ್ಕ ಹಾಕಿದ ಪ್ರಮಾಣದ ಲವಣ ಬೆರೆಸಿ ಒಂದು ದ್ರಾವಣ ಮಾಡಿದರು. ಪೆಗ್ ಅಂತ ಈಗ ಎಲ್ಲ ಕಡೆ ಕೊಡೋದು ಆ ಜಾತಿಯದ್ದೇ. (ಆ ಇನ್ನೊಂದು ಪೆಗ್ ಅಲ್ಲ ಮಾರಾಯ್ರೆ :-)) ಅದರ ಅಣು ಎಷ್ಟು ದೊಡ್ಡದು ಅಂದರೆ ಕರುಳು ಅದನ್ನ ಹೀರಿಕೊಳ್ಳಲಾರದು, ಅದು ಹಿಡಿದಿಟ್ಟುಕೊಂಡ ನೀರನ್ನೂ ಹೀರಲಾರದು. ಲವಣ ಸಮತೋಲದಲ್ಲಿರೋದರಿಂದ ರಕ್ತದಿಂದ ಹೆಚ್ಚು ಹೋಗೋದೂ ಇಲ್ಲ, ರಕ್ತಕ್ಕೆ ಹೆಚ್ಚು ಬರೋದೂ ಇಲ್ಲ. ಕುಡಿದದ್ದು ಹಾಗೇ ಕೊಳವೆ ತೊಳ್ಕೊಂಡು ಆಚೆ ಹೋಗುತ್ತೆ.

ಸೋಡಿಯಂ ಫಾಸ್ಫೇಟ್ ಅಂತ ಇನ್ನೊಂದಿದೆ. ಚಿಕ್ಕ ಬಾಟಲಿ, ಕುಡಿಯೋಕೆ ಸುಲಭ. ಆದರೆ ಕೆಲವರ ಮೂತ್ರಪಿಂಡದಲ್ಲಿ ಫಾಸ್ಫೇಟ್ ಕೂತು ಹಾಳಾಗಿದ್ದು ಕಂಡುಬಂದು, 2008ರ ಡಿಸೆಂಬರ್‌ನಲ್ಲಿ ಅಮೆರಿಕದ ಔಷಧ ನಿಯಂತ್ರಣ ಇಲಾಖೆ ಅದರ ಮೇಲೆ ಅತ್ಯಂತ ಕಟ್ಟುನಿಟ್ಟಿನ ಎಚ್ಚರಿಕೆ ಹಾಕಿಸಿತು. ವಯಸ್ಸಾದವರು, ಕಿಡ್ನಿ ತೊಂದರೆ ಇರೋರು, ಬಿಪಿಗೆ ಮಾತ್ರೆ ತಗೊಳ್ಳೋರು ಕಡಿಮೆ ಕುಡಿಯೋ ಆಸೆಗೆ ಆ ದಾರಿ ಹಿಡಿಯಬಾರದು. ಎರಡು ಲೀಟರಿನ ಕಷ್ಟಕ್ಕೆ ಕಾರಣ ಇದೆ.

ಇದನ್ನೆಲ್ಲ ಅಪ್ಪನಿಗೆ ಹೇಗೆ ಹೇಳೋದು ಅಂತ ನಾನು ಯೋಚಿಸ್ತಿದ್ದರೆ ಅವರೇ ಹೇಳಿದರು: "ಡ್ರಿಪ್ ಲೈನ್ ಫ್ಲಶ್ ಮಾಡ್ದಂಗೆ, ಅಲ್ವೇನಪ್ಪ?"

ಅಷ್ಟೇ! ತೋಟದ ಡ್ರಿಪ್ ಪೈಪಿನಲ್ಲಿ ಬೋರಿನ ಮರಳು, ಪಾಚಿ ಕಟ್ಟಿಕೊಂಡರೆ ಪೈಪಿನ ತುದಿಯ ಮುಚ್ಚಳ ಬಿಚ್ಚಿ ಜೋರಾಗಿ ನೀರು ಬಿಡ್ತೀವಿ. ಮೊದಲು ಕೆಸರು, ಆಮೇಲೆ ಬಗ್ಗಡ, ಕೊನೆಗೆ ತಿಳಿ. ತಿಳಿನೀರು ಬರೋವರೆಗೂ ಬಿಡಬೇಕು, ಬಗ್ಗಡ ಬರ್ತಿರುವಾಗಲೇ ಸಾಕು ಅಂತ ಮುಚ್ಚಿದರೆ ಮಾಡಿದ ಕೆಲಸ ದಂಡ. "ಮತ್ತೆ ಯಾಕೆ ಎರಡು ಕಂತು? ರಾತ್ರಿ ಅರ್ಧ, ಬೆಳಗ್ಗೆ ಅರ್ಧ?" ಅಂದೆ, ಪರೀಕ್ಷೆ ಮಾಡೋಕೆ. "ರಾತ್ರಿ ತೊಳ್ದು ಬಿಟ್ರೆ ಬೆಳಗ್ಗೆ ಹೊತ್ಗೆ ಮೇಲ್ಗಡೆಯಿಂದ ಮತ್ತೆ ಕೂತ್ಕಂತದೆ" ಅಂದರು. ಪುಸ್ತಕದಲ್ಲೂ ಅದೇ ಇದೆ. ಹೊಟ್ಟೆ ಖಾಲಿ ಇದ್ದರೂ ಸಣ್ಣ ಕರುಳಿನಿಂದ ಪಿತ್ತ, ಲೋಳೆ ರಾತ್ರಿಯಿಡೀ ಇಳೀತಾ ಇರುತ್ತೆ, ದೊಡ್ಡ ಕರುಳಿನ ಬಲಭಾಗಕ್ಕೆ ಮೊದಲು ಬಂದು ಮೆತ್ತಿಕೊಳ್ಳುತ್ತೆ. ಮೊದಲ ಸಲ ಅಪ್ಪನಿಗೆ ಸೊನ್ನೆ ಬಂದದ್ದು ಆ ಭಾಗಕ್ಕೇ. ಅದಕ್ಕೇ ಎರಡನೇ ಕಂತನ್ನು ಪರೀಕ್ಷೆಗೆ ನಾಲ್ಕರಿಂದ ಆರು ಗಂಟೆ ಮುಂಚೆ ಶುರು ಮಾಡಿ, ಕಡೇ ಪಕ್ಷ ಎರಡು ಗಂಟೆ ಮುಂಚೆ ಮುಗಿಸಬೇಕು ಅಂತಾರೆ.

ಇಲ್ಲೇ ಊರಿನವರಿಗೆ ಇನ್ನೊಂದು ತೊಡಕು. ಬೆಳಿಗ್ಗೆ ಒಂಬತ್ತಕ್ಕೆ ಬೆಂಗಳೂರಿನಲ್ಲಿ ಪರೀಕ್ಷೆ ಅಂದರೆ ಎರಡನೇ ಕಂತು ಕುಡಿಯೋ ಹೊತ್ತಿಗೆ ನೀವು ಬಿ.ಎಚ್. ರಸ್ತೆಯಲ್ಲಿ ಬಸ್ಸಿನೊಳಗೆ ಇರ್ತೀರಿ! ಒಂದು ಲೀಟರ್ ಪೆಗ್ ಕುಡಿದು ಗುಬ್ಬಿಯಿಂದ ತುಮಕೂರಿನವರೆಗೆ ಸೀಟಿನಲ್ಲಿ ಕೂರೋ ಧೈರ್ಯ ಯಾರಿಗಿದೆ? ಹಾಗಾಗಿಯೇ ಮೊದಲ ಸಲ ಪೂರ್ತಿ ಸಂಜೆಯೇ ಕುಡಿದು ಮುಗಿಸಿದ್ದು. ಈ ಸಲ ಎರಡು ಕೆಲಸ ಮಾಡಿದೆವು. ಒಂದು, ಫೋನ್ ಮಾಡಿ ಮಧ್ಯಾಹ್ನ ಹನ್ನೆರಡರ ಸಮಯ ಕೇಳಿ ತಗೊಂಡೆವು. ಕೇಳಿದರೆ ಕೊಡ್ತಾರೆ, ಕೇಳಬೇಕು ಅಷ್ಟೆ. ಇನ್ನೊಂದು, ಹಿಂದಿನ ದಿನ ಬೆಳಿಗ್ಗೆಯೇ ತಿಪಟೂರಿನಲ್ಲಿ ರೈಲು ಹತ್ತಿ ಬೆಂಗಳೂರಿಗೆ ಬಂದು ಆಸ್ಪತ್ರೆಗೆ ಹತ್ತಿರ ಇದ್ದ ನೆಂಟರ ಮನೆ ಸೇರಿಕೊಂಡೆವು. ಒಂದೇ ಬಚ್ಚಲು ಇದ್ದ ಮನೆ. ಮನೆಯವರಿಗೆಲ್ಲ ಮೊದಲೇ ಹೇಳಿ, ಬಚ್ಚಲನ್ನ ಅಪ್ಪನ ಹೆಸರಿಗೆ ರಿಜಿಸ್ಟರ್ ಮಾಡಿಸಿದೆವು :-)

ಸಂಜೆ ಆರಕ್ಕೆ ಮೊದಲ ಲೀಟರ್. ಸ್ಟೀಲ್ ತಂಬಿಗೆಯಲ್ಲಿ ಕಲಸಿ, ಫ್ರಿಜ್‌ನಲ್ಲಿ ತಣ್ಣಗೆ ಮಾಡಿ, ಹತ್ತು ಹದಿನೈದು ನಿಮಿಷಕ್ಕೊಂದು ಲೋಟ. ರುಚಿ ಬಗ್ಗೆ ಅಪ್ಪ ಅಂದದ್ದು: "ಸಮುದ್ರಕ್ಕೆ ನಿಂಬೆಹಣ್ಣು ಹಿಂಡಿದಂಗೈತೆ." ಮೂರನೇ ಲೋಟಕ್ಕೆ ಹೊಟ್ಟೆ ಉಬ್ಬರಿಸಿ ವಾಂತಿ ಬರೋ ಹಾಗಾಯ್ತು. ಅರ್ಧ ಗಂಟೆ ನಿಲ್ಲಿಸಿ, ಒಂದೆರಡು ಹೆಜ್ಜೆ ಓಡಾಡಿಸಿ, ಮತ್ತೆ ಶುರು ಮಾಡಿದೆವು. ಸ್ಟ್ರಾ ಹಾಕಿ ನಾಲಿಗೆಯ ಹಿಂದಕ್ಕೆ ಹೋಗೋ ಹಾಗೆ ಕುಡಿದರೆ ರುಚಿ ಕಡಿಮೆ ಗೊತ್ತಾಗುತ್ತೆ. ಹಿಂಭಾಗ ಉರಿಯೋಕೆ ಶುರುವಾದಾಗ ಅಮ್ಮ ಬ್ಯಾಗಿನಿಂದ ತೆಗೆದದ್ದು ಮನೆಯ ಕೊಬ್ಬರಿ ಎಣ್ಣೆ. ಆ ಎರಡು ದಿನದಲ್ಲಿ ತೆಂಗಿಗೆ ಸಿಕ್ಕ ಒಂದು ಕೆಲಸ.

ಎರಡನೇ ಕೆಲಸ ಎಳನೀರಿನದ್ದು. ಪುಡಿ ಕುಡಿಯೋ ದಿನ ಗಟ್ಟಿ ಆಹಾರ ಬಿಟ್ಟ ಮೇಲೆ ಪಾರದರ್ಶಕ ದ್ರವ ಮಾತ್ರ. ಬೆಳಕಿಗೆ ಹಿಡಿದರೆ ಆಚೆ ಕಡೆ ಕಾಣಬೇಕು. ಸೋಸಿದ ನಿಂಬೆ ಶರಬತ್ತು, ಹಾಲಿಲ್ಲದ ಕಾಫಿ, ಸಕ್ಕರೆ ನೀರು, ಸೋಸಿದ ತಿಳಿಸಾರಿನ ನೀರು ಆಗಬಹುದು. ಹಾಲು, ಮಜ್ಜಿಗೆ, ಅಂಬಲಿ ಆಗದು. ದಾಳಿಂಬೆ, ಬೀಟ್‌ರೂಟಿನಂಥ ಕೆಂಪು ಬಣ್ಣದ್ದು ಕೂಡದು, ಒಳಗೆ ಅದು ರಕ್ತದ ಹಾಗೆ ಕಾಣುತ್ತೆ. ಎಳನೀರು ಆಗಬಹುದು, ಆದರೆ ನೀರು ಮಾತ್ರ, ಗಂಜಿ ಬೇಡ, ಸೋಸಿ ಕುಡಿಯಬೇಕು. ಒಂದು ಎಚ್ಚರ ಏನಂದರೆ ಒಂದು ದೊಡ್ಡ ಎಳನೀರಿನಲ್ಲಿ ಬಾಳೆಹಣ್ಣಿನಷ್ಟು ಅಥವಾ ಅದಕ್ಕಿಂತ ಹೆಚ್ಚು ಪೊಟ್ಯಾಸಿಯಂ ಇರುತ್ತೆ, ಸೋಡಿಯಂ ಕಡಿಮೆ. ಕಿಡ್ನಿ ತೊಂದರೆ ಇರೋರು ಕೇಳದೆ ಕುಡಿಯಬಾರದು.

ತಮಾಷೆ ಅಂದರೆ ನಮ್ಮ ಮನೆಯಲ್ಲಿ ಎಳನೀರು ಕುಡಿಯೋ ರೂಢಿ ಅಷ್ಟಾಗಿ ಇಲ್ಲ. ಮದ್ದೂರಿನ ಕಡೆ ಎಳನೀರೇ ವ್ಯಾಪಾರ. ನಮ್ಮದು ಉಂಡೆ ಕೊಬ್ಬರಿಯ ಸೀಮೆ. ಬಲಿತ ಕಾಯಿ ಕೆಡವಿ, ಅಟ್ಟದ ಮೇಲೆ ಹತ್ತು ಹನ್ನೊಂದು ತಿಂಗಳು ಬಿಟ್ಟು, ಒಳಗಿನ ನೀರು ಇಂಗಿ, ಕೊಬ್ಬರಿ ಚಿಪ್ಪು ಬಿಟ್ಟು ಲೊಟಲೊಟ ಅನ್ನೋವರೆಗೂ ಕಾಯೋ ಜನ. ಒಂದು ಎಳನೀರು ಕಿತ್ತರೆ ಬರೋ ವರ್ಷದ ಅಟ್ಟದಿಂದ ಒಂದು ಕೊಬ್ಬರಿ ಕಡಿಮೆ. ಅದರಲ್ಲೂ 2025ರಲ್ಲಿ ಕ್ವಿಂಟಾಲ್‌ಗೆ 12,100 ರೂಪಾಯಿ ಬೆಂಬಲ ಬೆಲೆ ಇದ್ದ ಉಂಡೆ ಕೊಬ್ಬರಿ ತಿಪಟೂರಿನ ಮಾರುಕಟ್ಟೆಯಲ್ಲಿ ಅದರ ಎರಡು ಪಟ್ಟು ದಾಟಿದ್ದ ಕಾಲ. ಅಂಥದ್ದರಲ್ಲಿ ಅಪ್ಪ ಹೊರಡೋ ದಿನ ತಾವೇ ಆಳು ಕರೆಸಿ ಆರು ಎಳನೀರು ಕೆಡವಿಸಿ ಚೀಲಕ್ಕೆ ಹಾಕಿಕೊಂಡರು. ಆಗಲೇ ನನಗೆ ಅವರ ಹೆದರಿಕೆ ಎಷ್ಟಿದೆ ಅಂತ ಗೊತ್ತಾಗಿದ್ದು.

ಬೆಳಿಗ್ಗೆ ಐದೂವರೆಗೆ ಎರಡನೇ ಲೀಟರ್. ಎಂಟೂವರೆ ಹೊತ್ತಿಗೆ ಬಚ್ಚಲಿನಿಂದ ಹೊರಗೆ ಬಂದು ಅಪ್ಪ ಘೋಷಿಸಿದರು: "ಈಗ ಎಳನೀರಿನಂಗೆ ಬತ್ತೈತೆ ಕಣೇ." ಅಮ್ಮನಿಗೆ ಸಿಟ್ಟು, "ಇನ್ಮ್ಯಾಲೆ ನಾನು ಎಳ್ನೀರು ಹೆಂಗೆ ಕುಡೀಲಿ?" ಆದರೆ ಸರಿಯಾದ ಗುರುತು ಅದೇ. ತೆಳು ಹಳದಿ, ತಳ ಕಾಣೋ ಹಾಗೆ ತಿಳಿ. ಎಷ್ಟು ಸಲ ಹೋಯಿತು ಅನ್ನೋದು ಲೆಕ್ಕಕ್ಕಿಲ್ಲ, ಕೊನೆಯ ಸಲ ಹೇಗಿತ್ತು ಅನ್ನೋದೇ ಲೆಕ್ಕ. ಇನ್ನೂ ಕಂದಾಗಿ, ಬಗ್ಗಡವಾಗಿ ಇದ್ದರೆ ನಾಚಿಕೊಳ್ಳದೆ ಆಸ್ಪತ್ರೆಗೆ ಫೋನ್ ಮಾಡಿ ಹೇಳಬೇಕು, ಅವರು ದಾರಿ ಹೇಳ್ತಾರೆ.

ಈ ಸಲದ ಅಂಕ 2, 3, 3. ಒಟ್ಟು ಎಂಟು.

ಬಲಭಾಗದಲ್ಲಿ, ಹೋದ ಸಲ ಏನೂ ಕಾಣದೆ ಇದ್ದ ಜಾಗದಲ್ಲಿ, ಹನ್ನೆರಡು ಮಿಲಿಮೀಟರ್ ಅಗಲದ ಒಂದು ಚಪ್ಪಟೆ ಗಂಟು ಇತ್ತು. ಹೆಚ್ಚುಕಡಿಮೆ ಒಂದು ಅವರೆಕಾಳಿನಷ್ಟು. ಅದನ್ನ ಆಗಲೇ ತೆಗೆದರು. ಎಡಭಾಗದಲ್ಲಿ ಒಂದು ಚಿಕ್ಕದು, ಅದನ್ನೂ ತೆಗೆದರು. ಮೂಲವ್ಯಾಧಿಯೂ ಇತ್ತು! ಅಪ್ಪ ಊಹಿಸಿದ್ದು ಸುಳ್ಳಲ್ಲ, ಆದರೆ ಅದೊಂದೇ ಆಗಿರಲಿಲ್ಲ. ಬಯಾಪ್ಸಿ ಬರೋಕೆ ಒಂದು ವಾರ. ಆ ವಾರದ ಬಗ್ಗೆ ಬರೆಯೋದು ಬೇಡ. ಅಡಿನೋಮಾ ಅಂತ ಬಂತು, ಕ್ಯಾನ್ಸರ್ ಆಗಿರಲಿಲ್ಲ, ಬಿಟ್ಟಿದ್ದರೆ ಮುಂದೆ ಆಗಬಹುದಾಗಿದ್ದ ಜಾತಿ. ಒಂದು ಸೆಂಟಿಮೀಟರಿಗಿಂತ ದೊಡ್ಡದಾದ್ದರಿಂದ ಮೂರು ವರ್ಷಕ್ಕೆ ಮತ್ತೆ ಪರೀಕ್ಷೆ. ಆಮೇಲೆ ಡಾಕ್ಟರು ನನ್ನ ಕಡೆ ತಿರುಗಿ, "ನೀವೂ ನಲವತ್ತಕ್ಕೆ ಮಾಡಿಸ್ಕೋಬೇಕು, ಅಣ್ಣತಮ್ಮ ಅಕ್ಕತಂಗಿ ಇದ್ದರೆ ಅವರೂ" ಅಂದರು. ನಲವತ್ತಕ್ಕೆ ಇನ್ನೂ ಹನ್ನೆರಡು ವರ್ಷ ಇದೆ. ಪೆಗ್ ರುಚಿ ಅಷ್ಟರಲ್ಲಿ ಸುಧಾರಿಸುತ್ತೆ ಅಂತ ಆಸೆ!

ಅಮೆರಿಕದಲ್ಲಿ 2021ರಿಂದ 45 ವರ್ಷ ಆದವರಿಗೆಲ್ಲ, ಏನೂ ತೊಂದರೆ ಇಲ್ಲದಿದ್ದರೂ, ದೊಡ್ಡ ಕರುಳಿನ ತಪಾಸಣೆ ಮಾಡಿಸಿಕೊಳ್ಳಿ ಅಂತಾರೆ. ನಮ್ಮಲ್ಲಿ ಈ ಕ್ಯಾನ್ಸರ್ ಪಶ್ಚಿಮದ ದೇಶಗಳಿಗಿಂತ ಕಡಿಮೆ, ಸರ್ಕಾರದ ತಪಾಸಣೆ ಕಾರ್ಯಕ್ರಮದಲ್ಲಿ ಇರೋದು ಬಾಯಿ, ಸ್ತನ, ಗರ್ಭಕಂಠದ ಕ್ಯಾನ್ಸರ್‌ಗಳು. ಹಾಗಾಗಿ ನಮ್ಮ ಊರುಗಳಲ್ಲಿ ಇದು ಗೊತ್ತಾಗಬೇಕಾದರೆ ಇರೋ ದಾರಿ ಒಂದೇ, ಮನುಷ್ಯ ಬಾಯಿಬಿಟ್ಟು ಹೇಳಬೇಕು. ರಕ್ತ ಹೋಗ್ತಿದೆ, ಹೊಟ್ಟೆ ಹೋಗೋ ರೀತಿ ಬದಲಾಗಿದೆ, ಸುಮ್ಮಸುಮ್ಮನೆ ಸುಸ್ತು, ತೂಕ ಇಳೀತಿದೆ ಅಂತ. ನಾವು ಮಳೆ ಎಷ್ಟು ಬಂತು, ಕೊಬ್ಬರಿ ರೇಟ್ ಎಷ್ಟು, ನುಸಿ ಪೀಡೆ ಯಾರ ತೋಟದಲ್ಲಿ ಅಂತ ದಿನಕ್ಕೆ ನಾಲ್ಕು ಸಲ ಮಾತಾಡೋ ಜನ. ಇದನ್ನ ಮಾತ್ರ ಆಡಲ್ಲ.

ಆಡೋಕೆ ಶುರು ಮಾಡಿದ್ದು ಅಮ್ಮ. ಊರಿಗೆ ವಾಪಸು ಹೋದ ಮೇಲೆ ಹಾಲಿನ ಡೈರಿ ಹತ್ತಿರ ಯಾರೋ ಕೇಳಿದ್ದಕ್ಕೆ ಎಲ್ಲವನ್ನೂ ಹೇಳಿಬಿಟ್ಟರಂತೆ, ಎಳನೀರಿನ ಬಣ್ಣ ಸಮೇತ. ಅಪ್ಪ ಎರಡು ದಿನ ಆ ಕಡೆ ಹೋಗಲಿಲ್ಲ. ಆದರೆ ಅದೇ ವಾರ ತುರುವೇಕೆರೆ ಕಡೆಯ ಒಬ್ಬ ನೆಂಟರ ಹೆಂಗಸು ಫೋನ್ ಮಾಡಿದರು. ಅದು ಇದು ಮಾತಾಡಿ, ಮಳೆ ಬೆಳೆ ವಿಚಾರಿಸಿ, ಕೊನೆಗೆ ದನಿ ತಗ್ಗಿಸಿ, ತಮಗೂ ಒಂದು ವರ್ಷದಿಂದ ಹಾಗೇ ಆಗ್ತಿದೆ ಅಂದರಂತೆ. ಅವರಿಗೂ ಈಗ ಪರೀಕ್ಷೆಯ ದಿನ ಗೊತ್ತಾಗಿದೆ. ಮೊನ್ನೆ ನಾನು ಊರಿನಲ್ಲಿದ್ದಾಗ ಅಮ್ಮ ಫೋನಿನಲ್ಲಿ ಅವರಿಗೆ ಹೇಳ್ತಿದ್ದರು. ನಾನು ಬರೆದುಕೊಟ್ಟ ಪಟ್ಟಿ ಅವರ ಕೈಯಲ್ಲಿ ಇರಲೇ ಇಲ್ಲ, ಬಾಯಿಪಾಠ ಆಗಿಹೋಗಿದೆ.

"ಲಘು ಆಹಾರ ಅಂತಾರೆ, ಅಂಗಂತ ಅಂಬ್ಲಿ ಕುಡ್ದೀಯ ಮತ್ತೆ! ಮುದ್ದೆ ಮುಟ್ಬೇಡ, ಕಾಯಿ ಮುಟ್ಬೇಡ, ಒಗ್ಗರಣೆಗೆ ಸಾಸ್ವೆನೂ ಹಾಕ್ಬೇಡ... ಊಂ, ಸಾಸ್ವೆನೂ. ಅನ್ನ ಮೊಸರು ಉಣ್ಣು. ಬರೆದ್ಕಣವ್ವ, ಹೇಳ್ತೀನಿ."

ನೀವೂ ಬರೆದುಕೊಳ್ಳಿ. ನಿಮ್ಮ ಕಡೆಯ ಅಡುಗೆಮನೆಯಲ್ಲಿ ಮುದ್ದೆಯ ಜಾಗದಲ್ಲಿ ಜೋಳದ ರೊಟ್ಟಿಯೋ, ಕುಚಲಕ್ಕಿ ಗಂಜಿಯೋ ಇರಬಹುದು, ಅದನ್ನೂ ಆ ಪಟ್ಟಿಗೆ ಸೇರಿಸಿಕೊಳ್ಳಿ. ಈ ಸಲ ಊರಿಗೆ ಹೋದಾಗ ಅಪ್ಪ ಅಮ್ಮನ ಹತ್ತಿರ ಒಂದು ಮಾತು ಕೇಳಿ ನೋಡಿ. ಮೊದಲು ಕ್ಯಾಲೆಂಡರ್ ನೋಡ್ತಾರೆ. ಸ್ವಲ್ಪ ಹೊತ್ತು ಕಾಯಿರಿ.